ಹದಿನಾರನೆಯ ಹೆಸರು

"ಲೇ ಮೋಟುಗೈ, ಕಿತ್ತಿದ್ದು ಸಾಕು, ಬಂದು ಗಾಡಿ ಹತ್ತು."

ಎಸೆನ್‌ಕುಲ್ ಜೀಪಿನಿಂದ ಇಳಿಯದೆಯೇ ಕೂಗಿದ. ಆಗಸ್ಟ್ ಕೊನೆ. ತಲಾಸ್ ಕಣಿವೆಯುದ್ದಕ್ಕೂ ಬಿಳಿ ಬೀನ್ಸ್ ಒಣಗಿ ನಿಂತಿತ್ತು. ಬಿಸಿಲೇರಿದರೆ ಕಾಯಿ ಸಿಡಿದು ಕಾಳು ಮಣ್ಣುಪಾಲಾಗುತ್ತದೆ; ಇಬ್ಬನಿ ಆರುವುದರೊಳಗೆ ಗಿಡ ಕಿತ್ತು ಸಾಲು ಹಾಕಬೇಕು. ನಸುಕಿನಲ್ಲಿ ಬಗ್ಗಿದ ನಾವು ಹದಿಮೂರು ಹೆಂಗಸರು ಇನ್ನೂ ಸೊಂಟ ಎತ್ತಿರಲಿಲ್ಲ. ಗುಲಿಜಾರ್ ನನ್ನ ಪಕ್ಕದ ಸಾಲಿನಲ್ಲಿದ್ದಳು. ಎಡಗೈಯಲ್ಲಿ ಗಿಡ ಹಿಡಿದು, ಬಲಗೈಯ ಮೋಟನ್ನು ಮೊಣಕಾಲಿಗೆ ಊರಿ, ಇಡೀ ಮೈ ಹಿಂದಕ್ಕೆ ಜಗ್ಗಿ ಕೀಳುತ್ತಿದ್ದಳು. ನಮಗಿಂತ ಹತ್ತು ಹೆಜ್ಜೆ ಹಿಂದೆ ಉಳಿಯುತ್ತಿದ್ದಳು, ಅಷ್ಟೇ.

"ನಾನೇನ್ ತಪ್ ಮಾಡ್ದೆ ಬಾಯ್ಕೆ?" ಎಂದಳು. ಅಣ್ಣ ಎನ್ನುವ ಕಡೆ ಇಲ್ಲಿ ಬಾಯ್ಕೆ ಎನ್ನುತ್ತೇವೆ, ಬಯ್ಯುವವನಿಗೂ.

"ತಪ್ಪಲ್ಲ ಕಣೇ, ನಿನ್ ಹಣೇಬರ ತೆರೀತು. ರಾಜಧಾನಿಯಿಂದ ಪಕ್ಷದೋರು ಬಂದವ್ರೆ. ಮುಖಕ್ಕೊಂದಿಷ್ಟು ನೀರಾಕ್ಕೊ."

ನಮ್ಮಲ್ಲಿ ಹಿರಿಯಳು ಬುರುಲ್ ಎಜೆ; ಎಜೆ ಎಂದರೆ ಅಕ್ಕ. "ಒಬ್ಳನ್ನೇ ಕಳ್ಸಾಕಿಲ್ಲ. ಜಿಪಾರಾ, ನೀನೂ ಓಗು," ಎಂದಳು. ಹಾಗೆ ನಾನೂ ಹತ್ತಿದೆ.

ಎಸೆನ್‌ಕುಲ್‌ನದು ಹೊಲ, ಎಸೆನ್‌ಕುಲ್‌ನದು ಒಕ್ಕಣೆ ಯಂತ್ರ, ಎಸೆನ್‌ಕುಲ್‌ನೇ ಪಕ್ಷದ ಜಿಲ್ಲಾ ಸಮಿತಿಯ ಅಧ್ಯಕ್ಷ. ಸಮಿತಿಯ ಕಚೇರಿ ಅವನ ಗೋದಾಮಿನ ಮುಂದಿನ ಕೋಣೆ. ಗೋಡೆಯ ಮೇಲೆ ಪಕ್ಷದ ಹೊಸ ಬಟ್ಟೆ ಬಿಗಿದಿದ್ದರು. ಹಿಂದಿನ ಚುನಾವಣೆಯಲ್ಲಿ ಅಲ್ಲಿ ಬೇರೆ ಪಕ್ಷದ ಬಟ್ಟೆಯಿತ್ತು. ಮೊಳೆಗಳು ಮಾತ್ರ ಅವೇ.

ಕೇಂದ್ರ ಸಮಿತಿಯಿಂದ ಬಂದಿದ್ದವನ ಹೆಸರು ಮರ್ಲೆನ್. ಗೋದಾಮಿನ ಧೂಳು ಬೂಟಿಗೆ ತಾಗದಂತೆ ಕಾಲು ಮಡಚಿಕೊಂಡು ಕೂತಿದ್ದ. ಅವನು ಗುಲಿಜಾರಳನ್ನು ಏನೂ ಕೇಳಲಿಲ್ಲ. ಅವಳ ತಲೆಯ ಮೇಲಿನಿಂದ ಎಸೆನ್‌ಕುಲ್‌ನನ್ನು ಕೇಳಿದ.

"ವಯಸ್ಸು?"

"ಮೂವತ್ತೆರಡು."

"ಮೂವತ್ತೈದರೊಳಗೆ, ಸರಿ. ಜನ ಯಾವುದು?"

"ಕುರ್ದ್. ಅವ್ರ ತಾತನ ಕಾಲದಾಗೆ ಗಡೀಪಾರು ಮಾಡಿ ರೈಲಲ್ಲಿ ತಂದು ಸುರುದ್ರಲ್ಲ, ಆ ಪೈಕಿ."

"ಇನ್ನು ಅದು?"

ಎಸೆನ್‌ಕುಲ್ ಅವಳ ಬಲತೋಳನ್ನು ಅಂಗಿಯ ಸಮೇತ ಎತ್ತಿ ಹಿಡಿದ, ಸಂತೆಯಲ್ಲಿ ಕುರಿಯ ಕಾಲೆತ್ತಿ ಗೊರಸು ತೋರಿಸುವಂತೆ. ಮರ್ಲೆನ್ ಕಾಗದದ ಮೇಲೆ ನಾಲ್ಕು ಕಡೆ ಗುರುತು ಹಾಕಿದ.

ವಿಷಯ ಇಷ್ಟೇ. ಸಂಸತ್ತಿಗೆ ಕಳಿಸುವ ಪಟ್ಟಿಯಲ್ಲಿ ಇಷ್ಟು ಜನ ಹೆಂಗಸರಿರಬೇಕು, ಇಷ್ಟು ಜನ ಮೂವತ್ತೈದರೊಳಗಿನವರು, ಇಷ್ಟು ಜನ ಸಣ್ಣ ಸಮುದಾಯದವರು, ಇಬ್ಬರಾದರೂ ಅಂಗವಿಕಲರು ಎಂದು ಕಾನೂನು. ಜನ ಪಕ್ಷಕ್ಕೆ ಮತ ಹಾಕುತ್ತಾರೆ. ಎಷ್ಟು ಸ್ಥಾನ ಬರುತ್ತದೋ ಪಟ್ಟಿಯ ಮೇಲಿನಿಂದ ಅಷ್ಟು ಹೆಸರು ಒಳಗೆ.

"ಒಬ್ಬಳಲ್ಲೇ ನಾಲ್ಕು ಕಾನೂನು ಮುಗೀತು," ಎಂದ ಮರ್ಲೆನ್. "ಮೂರು ಜಾಗ ಉಳೀತು. ಹದಿನಾರನೇ ಹೆಸರು ಹಾಕ್ಕೊಳ್ಳಿ."

"ಉಳಿದ ಜಾಗ ಯಾರ್ಗೆ ಬಾಯ್ಕೆ?" ಗುಲಿಜಾರ್ ಕೇಳಿದಳು.

"ನಿಂಗ್ಯಾಕೇ ಅದು? ಉಗುರಿನ ಮಣ್ಣು ಕೆರ್ಕೊ, ಫೋಟೋ ತೆಗೀತಾರೆ."

ಅಂಗವಿಕಲಳೆಂಬುದಕ್ಕೆ ಚೀಟಿ ಬೇಕಿತ್ತು. ಆರು ವರ್ಷದ ಹಿಂದೆ ಅವಳ ಕೈಯನ್ನು ನುಂಗಿದ್ದು ಎಸೆನ್‌ಕುಲ್‌ನ ಯಂತ್ರದ ಬೆಲ್ಟು. ಮಾಲೀಕನಿಂದ ಬರೆಸಿಕೊಂಡು ಬಾ, ಆಮೇಲೆ ಪಿಂಚಣಿ ಎಂದು ವೈದ್ಯರ ಮಂಡಳಿಯವರು ಅಟ್ಟಿದ್ದರು. "ಮನೇಲಿ ಮೇವು ಕತ್ತರಿಸ್ತಾ ಕೈ ಕೊಟ್ಕೊಂಡ್ಳು, ನಾನ್ಯಾಕೆ ಬರ್ಕೊಡ್ಲಿ," ಎಂದಿದ್ದ ಅವನು. ಆರು ವರ್ಷ ಅವಳ ಕೈ ಇಲ್ಲದ್ದು ಯಾವ ಕಾಗದದಲ್ಲೂ ಬರಲಿಲ್ಲ. ಈಗ ಮರ್ಲೆನ್ ಒಂದು ಫೋನು ಮಾಡಿದ; ಮಧ್ಯಾಹ್ನದ ಚಹಾ ಆರುವ ಮೊದಲು ಚೀಟಿ ಬಂತು. ಸಹಿ ಹಾಕಿದ ಡಾಕ್ಟರು ಆವತ್ತೂ ಅವಳ ಕೈ ನೋಡಲಿಲ್ಲ.

ಸೆಪ್ಟೆಂಬರ್ ಪೂರ್ತಿ ಅವಳನ್ನು ವೇದಿಕೆಯ ಮೇಲೆ ಕೂರಿಸಿದರು. ನಾಯಕರು ಮಾತಾಡುವಾಗ ಅವಳು ಮೋಟು ಕಾಣುವಂತೆ ಕೂರಬೇಕು. ಮಾತಾಡು ಎಂದು ಯಾರೂ ಹೇಳಲಿಲ್ಲ. ಅವಳು ಮಾತಾಡಿದ್ದು ಕಾಲುವೆಯ ಬಳಿ, ಕೂಲಿಯವರು ಬುತ್ತಿ ಬಿಚ್ಚುವಾಗ.

"ನಂಗೆ ರಸ್ತೆ ಮಾಡ್ಸಕ್ ಬರಾಕಿಲ್ಲ, ಸೇತುವೆ ಮಾಡ್ಸಕ್ ಬರಾಕಿಲ್ಲ," ಎನ್ನುತ್ತಿದ್ದಳು. "ಒಂದೇ ಕೇಳ್ತೀನಿ. ಬೆಲ್ಟಿಗೆ ಮುಚ್ಚಳ ಆಕ್ಬೇಕು. ಎಲ್ಲಿ ಗಾಯ ಆಯ್ತೋ ಅಲ್ಲೇ ಆಯ್ತು ಅಂತ ಬರೀಬೇಕು. ಅಷ್ಟಾಗೋಗಂಟ ಎದ್ದು ನಿಂತಿರ್ತೀನಿ."

"ಅಲ್ಲಿ ಮೆತ್ತನೆ ಕುರ್ಚಿ ಇರ್ತವಂತೆ, ನಿಂತ್ಕೊಳ್ಳೋ ಅಂತವು ಅಲ್ಲ," ಎಂದಳು ಬುರುಲ್ ಎಜೆ. ಎಲ್ಲರೂ ನಕ್ಕರು. ಆದರೆ ಆ ಬೆಲ್ಟು ನನ್ನ ಎರಡು ಬೆರಳನ್ನೂ ತಿಂದಿದೆ, ಐನಾಶ್‌ಳ ಹೆಬ್ಬೆರಳನ್ನೂ, ಸಲೀಮಾಳ ಮೂರನ್ನೂ. ಕೈಗೇ ಚೀಟಿ ಕೊಡದವರು ಬೆರಳಿಗೆ ಕೊಡುತ್ತಾರೆಯೇ ಎಂದು ನಾವು ಕೇಳಿರಲೂ ಇಲ್ಲ. ನಮ್ಮ ಕಣಿವೆಯ ಹೆಂಗಸರು ಆ ಪಕ್ಷಕ್ಕೆ ಹಾಕಿದ್ದು ಅವಳ ಮುಖ ನೋಡಿ.

ಅಕ್ಟೋಬರಿನಲ್ಲಿ ಎಣಿಕೆ ಮುಗಿಯಿತು. ಪಕ್ಷಕ್ಕೆ ಹದಿನೆಂಟು ಸ್ಥಾನ. ಗುಲಿಜಾರ್ ಹದಿನಾರು, ಒಳಗೆ. ಎಸೆನ್‌ಕುಲ್ ಹತ್ತೊಂಬತ್ತು, ಹೊರಗೆ.

ಮೂರನೆಯ ದಿನ ಮತ್ತೆ ಜೀಪು ಬಂತು. ನಾವು ಗೋದಾಮಿನಂಗಳದಲ್ಲಿ ಕಾಳು ಆರಿಸುತ್ತಿದ್ದೆವು. ಅವಳ ಹಿಂದೆ ನಾನೂ ಬುರುಲ್ ಎಜೆಯೂ ಒಳಗೆ ಹೋದೆವು. ಮೇಜಿನ ಮೇಲೆ ಕುದುರೆ ಮಾಂಸ, ಬ್ರೆಡ್ಡು. ನಮಗೆ ಕೂರಲು ಹೇಳಲಿಲ್ಲ.

ಮರ್ಲೆನ್ ನಯವಾಗಿ ಶುರು ಮಾಡಿದ. "ನೋಡಿ ತಂಗಿ, ಪಟ್ಟಿ ಪಕ್ಷದ್ದು, ಯಾರದೋ ಸ್ವಂತದ್ದಲ್ಲ. ಹೋದ ಚುನಾವಣೇಲೂ ಏಳು ಜನ ಹೆಂಗಸರು ಹೀಗೇ ಬಿಟ್ಟುಕೊಟ್ಟಿದ್ದರು. ಇದು ಯಾವಾಗಲೂ ನಡೆಯೋದೇ. ಸಮಿತಿ ಕೂತು ತೀರ್ಮಾನ ಮಾಡಿದೆ, ನೀವೂ ಸ್ವಂತ ಇಚ್ಛೆಯಿಂದ ಹಿಂದೆ ಸರೀತೀರಿ ಅಂತ."

"ನನ್ ಇಚ್ಛೆ ಸಮಿತಿಗೆ ಎಂಗ್ ಗೊತ್ತಾಯ್ತು?"

"ಎಲ್ಲರೂ ಒಪ್ಪಿದ್ದಾರೆ."

"ನಾನಿರ್ನಿಲ್ವಲ್ಲ ಅಲ್ಲಿ."

ಎಸೆನ್‌ಕುಲ್ ಮೂಳೆ ತಟ್ಟೆಗೆ ಹಾಕಿ ಬೆರಳು ಒರೆಸಿಕೊಂಡ. "ಲೇ ಕತ್ತೆ ಮುಂಡೆ, ನಿನ್ನ ಪಾರ್ಲಿಮೆಂಟಿಗೆ ಕಳ್ಸಕ್ಕೆ ಅಂತ ಕರ್ಕೊಂಬಂದಿದ್ವೇನೇ? ಗೊಬ್ಬರ ತೂಕಕ್ಕೆ ಕಲ್ಲಿಟ್ಟಂಗೆ ಇಟ್ಟಿದ್ವಿ. ತೂಕ ಆಯ್ತು, ಕಲ್ಲು ಕೆಳಗಿಳೀಬೇಕು."

"ಯಾರ್ ಏರ್ತಾರೆ?"

"ನಾನು ಕಣೇ. ನಾನು."

ಮರ್ಲೆನ್ ಕೈ ಅಡ್ಡ ಹಿಡಿದ. "ಪಿಂಚಣಿ ಈಗ ತಾನೇ ಶುರುವಾಗಿದೆ, ತಂಗಿ. ಮಂಡಳಿ ಚೀಟೀನ ಮರುಪರಿಶೀಲನೆ ಮಾಡಬಹುದು."

"ಪರಿಶೀಲ್ನೆ ಮಾಡಿದ್ರೆ ಕೈ ಬೆಳೆದಿರ್ತದಾ?" ಎಂದಳು ಬುರುಲ್ ಎಜೆ.

"ಬೆಳೀತದೆ ಮುದುಕಿ," ಎಂದ ಎಸೆನ್‌ಕುಲ್. "ಇಲ್ಲ ಅಂತ ಬರ್ದೋನು ನಾಳೆ ಇದೆ ಅಂತ್ಲೂ ಬರೀತಾನೆ."

ಹಿಂದೆ ಸರಿಯುವ ಅರ್ಜಿಯನ್ನು ಅಭ್ಯರ್ಥಿ ತಾನೇ ಚುನಾವಣಾ ಕಚೇರಿಗೆ ಬಂದು ಕೊಡಬೇಕೆಂದು ನಿಯಮ. ಮರುದಿನ ಬೆಳಿಗ್ಗೆ ನಮ್ಮ ಮೂವರನ್ನೂ ಅದೇ ಜೀಪಿನಲ್ಲಿ ಕರೆದೊಯ್ದರು. ಅವರು ಬರೆದುಕೊಟ್ಟ ಅರ್ಜಿಯನ್ನು ಗುಲಿಜಾರ್ ಮಡಿಲಲ್ಲಿಟ್ಟುಕೊಂಡು ಕೂತಿದ್ದಳು. ಎಸೆನ್‌ಕುಲ್ ಸಮಾಧಾನವಾಗಿ ಹಾಡು ಗುನುಗುತ್ತಿದ್ದ. ಕಚೇರಿಯಲ್ಲಿ ಗುಮಾಸ್ತ ಅರ್ಜಿಯ ಕಡೆ ನೋಡಿ, ಮುದ್ರೆಯನ್ನು ಮಸಿಗೆ ಒತ್ತಿ, ದಿನಾ ಕೇಳುವುದನ್ನೇ ಕೇಳಿದ.

"ನಿಮ್ಮ ಸ್ವಂತ ಇಚ್ಛೆಯಿಂದಲೇ ಬಿಟ್ಟುಕೊಡ್ತಿದ್ದೀರಾ?"

"ಇಲ್ಲ," ಎಂದಳು ಗುಲಿಜಾರ್.

ಮುದ್ರೆ ಗಾಳಿಯಲ್ಲೇ ನಿಂತಿತು. ಗುಮಾಸ್ತ ಎಸೆನ್‌ಕುಲ್‌ನ ಮುಖ ನೋಡಿದ.

"ಕಿವಿ ಮಂದ ಅವ್ಳಿಗೆ. ಇನ್ನೊಂದ್ಸಲ ಕೇಳಿ."

ಗುಮಾಸ್ತ ದೊಡ್ಡ ದನಿಯಲ್ಲಿ ಕೇಳಿದ. ಅವಳು ಮೊದಲಿನಷ್ಟೇ ದನಿಯಲ್ಲಿ "ಇಲ್ಲ" ಎಂದಳು. ಮೂರನೆಯ ಸಲ ಎಸೆನ್‌ಕುಲ್‌ನೇ ಕೇಳಿದ, ಅವಳ ರಟ್ಟೆ ಹಿಡಿದು, ಹಲ್ಲು ಕಚ್ಚಿ. ಅವಳು ಅವನನ್ನು ನೋಡದೆ ಗುಮಾಸ್ತನಿಗೇ ಹೇಳಿದಳು, "ಬರ್ಕೊಳಿ ಸಾಮಿ. ಮೂರ್ ಸಲ ಕೇಳಿದ್ರಿ, ಮೂರ್ ಸಲ ಇಲ್ಲ ಅಂದೆ." ಅವನು ಬರೆದುಕೊಳ್ಳಲಿಲ್ಲ. ಮುದ್ರೆಯನ್ನೂ ಒತ್ತಲಿಲ್ಲ. ಡಬ್ಬಿಯ ಮುಚ್ಚಳ ಹಾಕಿದ.

ಜೀಪು ನಮ್ಮನ್ನು ಅಲ್ಲೇ ಬಿಟ್ಟು ಹೋಯಿತು. ಹದಿನೆಂಟು ಕಿಲೋಮೀಟರು ನಡೆದೆವು. ಬುರುಲ್ ಎಜೆ ದಾರಿಯುದ್ದಕ್ಕೂ ಎಸೆನ್‌ಕುಲ್‌ನ ತಾಯಿಯಿಂದ ಹಿಡಿದು ಮುತ್ತಜ್ಜಿಯವರೆಗೆ ಒಬ್ಬರನ್ನೂ ಬಿಡದೆ ಬಯ್ದಳು. ಗಂಟಲು ಕಟ್ಟಿದ ಮೇಲೆ ಸೂರ್ಯಕಾಂತಿ ಬೀಜ ಒಡೆಯುತ್ತ ನಡೆದಳು.

ಮರುದಿನ ಕೂಲಿಕಟ್ಟೆಗೆ ಅವನ ಟ್ರ್ಯಾಕ್ಟರು ಬಂತು. "ಕುರ್ದ್ ಹೆಂಗ್ಸು ಬ್ಯಾಡ, ಮಿಕ್ಕೋರು ಹತ್ಕಳಿ," ಎಂದ ಚಾಲಕ. ಹತ್ತದೆ ನಿಂತೆವು. ಅವನು ಇಂಜಿನು ಆರಿಸದೆ ಕಾಯುತ್ತಿದ್ದ. ಸ್ವಲ್ಪ ಹೊತ್ತಿಗೆ ನಾಲ್ವರು ತಲೆ ತಗ್ಗಿಸಿ ಹತ್ತಿದರು. ಮಕ್ಕಳಿರುವವರು. ಗುಲಿಜಾರ್ ಅವರಲ್ಲೊಬ್ಬಳ ಬುತ್ತಿಯ ಗಂಟನ್ನು ಮೇಲಕ್ಕೆ ಎತ್ತಿಕೊಟ್ಟಳು.

ಎರಡು ಕಾಗದ ಒಂದೇ ದಿನ ಬಂದವು. ಒಂದು ಸಂಸತ್ತಿನದು: ಇಪ್ಪತ್ತೆಂಟನೆಯ ತಾರೀಕು ಹತ್ತು ಗಂಟೆಗೆ ಪ್ರಮಾಣವಚನ. ಇನ್ನೊಂದು ವೈದ್ಯರ ಮಂಡಳಿಯದು: ಇಪ್ಪತ್ತೆಂಟನೆಯ ತಾರೀಕು ಹತ್ತು ಗಂಟೆಗೆ ಕೈಯ ಮರುಪರೀಕ್ಷೆ, ಬಾರದಿದ್ದರೆ ಚೀಟಿ ರದ್ದು.

ಇಪ್ಪತ್ತೇಳರ ಮುಂಜಾನೆ ಅವಳು ರಾಜಧಾನಿಯ ವ್ಯಾನಿನ ಬಳಿ ನಿಂತಿದ್ದಳು. ಕಣಿವೆಯ ಆಚೆಯ ಬೆಟ್ಟದ ಘಾಟಿಯಲ್ಲಿ ಹಿಮ ಬೀಳುತ್ತಿದೆ, ದಾಟುತ್ತೋ ಇಲ್ಲವೋ ಎನ್ನುತ್ತಿದ್ದ ಚಾಲಕ. ಅವಳ ತಲೆವಸ್ತ್ರವನ್ನು ನಾನು ಗದ್ದದ ಕೆಳಗೆ ಗಂಟು ಹಾಕಿಕೊಟ್ಟೆ.

"ಒಳ್ಗೆ ಬಿಡ್ತಾರಾ ಅಂತೀನಿ," ಎಂದೆ.

"ಬಿಡ್ದಿದ್ರೆ ಬಾಗ್ಲಲ್ಲಿ ಕೂರ್ತೀನಿ. ಎಸ್ರು ಕೂಗ್ಬೇಕಲ್ಲ, ಕೂಗ್ಲಿ."

ಇಪ್ಪತ್ತೆಂಟರ ಹತ್ತು ಗಂಟೆಗೆ ಜಿಲ್ಲಾ ಆಸ್ಪತ್ರೆಯ ಮೊಗಸಾಲೆಯಲ್ಲಿ ಬುರುಲ್ ಎಜೆ, ನಾನು, ಐನಾಶ್, ಸಲೀಮಾ ಬೆಂಚಿನ ಮೇಲೆ ಕೂತಿದ್ದೆವು. ಆವತ್ತು ನಮ್ಮ ಕೂಲಿ ಹೇಗೂ ಇರಲಿಲ್ಲ. ಒಳಗಿನಿಂದ ನರ್ಸು ಗುಲಿಜಾರಳ ಹೆಸರು ಕೂಗಿದಳು. ನಾವು ನಾಲ್ವರೂ ಎದ್ದು ಒಳಗೆ ಹೋದೆವು.

ಮೂವರು ಡಾಕ್ಟರು ಕೂತಿದ್ದರು. "ಇದರಲ್ಲಿ ಯಾರು?" ಎಂದ ನಡುವಿನವನು, ಕಾಗದದಿಂದ ತಲೆ ಎತ್ತದೆ.

"ಅವ್ಳು ಬಂದಿಲ್ಲ," ಎಂದಳು ಬುರುಲ್ ಎಜೆ.

"ಗೈರು ಅಂತ ಬರೀರಿ. ಮತ್ತೆ ನೀವೆಲ್ಲ ಯಾಕೆ?"

ಸಲೀಮಾ ಮೊದಲು ಕೈಗವಸು ತೆಗೆದಳು. ಆಮೇಲೆ ಐನಾಶ್. ಆಮೇಲೆ ನಾನು. ಅವನ ಕಾಗದಗಳ ಮೇಲೆ, ಅವನು ಬರೆಯುತ್ತಿದ್ದ ಸಾಲಿನ ಮೇಲೆ, ಮೂರು ಕೈ ಬೆರಳಗಲಿಸಿ ಇಟ್ಟೆವು.

"ಎಸೆನ್‌ಕುಲ್‌ನ ಯಂತ್ರ," ಎಂದೆ ನಾನು. "ಅಂಗೇ ಬರೀರಿ."

"ಕೈ ತೆಗೀರಿ," ಎಂದ ಡಾಕ್ಟರು.

ತೆಗೆಯಲಿಲ್ಲ.