ಬೇಲಿಯ ಮೇಲಿನ ಫೋನು

ನಮ್ಮೂರಿನ ತೊರೆ ವರ್ಷದಲ್ಲಿ ಹೆಚ್ಚಿನ ದಿನ ಕುರಿಮರಿಯ ಹಾಗೆ. ಮಕ್ಕಳು ಚಪ್ಪಲಿ ಕೈಯಲ್ಲಿ ಹಿಡಿದು ದಾಟುತ್ತಾರೆ. ವಸಂತ ಮುಗಿಯುವ ಹೊತ್ತಿಗೆ ಮಾತ್ರ ಅದು ತೋಳವಾಗುತ್ತದೆ. ಮೇಲೆ ಹಿಮ ಕರಗಿ, ಅದರ ಮೇಲೊಂದು ಮಳೆ ಬಿದ್ದರೆ, ಕೆಸರು ಕಲ್ಲು ಸೇರಿಸಿಕೊಂಡು ಇಳಿದುಬರುತ್ತದೆ. ಇದು ಊರಿನ ಹಳೆಯ ಸಂಕಟ. ನಿಮ್ಮೂರಿನಲ್ಲೂ ಇಂಥದ್ದೊಂದು ಇದ್ದೇ ಇರುತ್ತದೆ, ಹೆಸರು ಬೇರೆ ಇರಬಹುದು.

ಹೋದ ವರ್ಷ ಪಟ್ಟಣದಿಂದ ಕೆಲವರು ಬಂದು ತೊರೆಯ ತಲೆಯಲ್ಲಿ ಒಂದು ಯಂತ್ರ ಕೂರಿಸಿದರು. ನೀರು ಏರಿದರೆ ಅದು ಊರ ಕಚೇರಿಯ ಕಂಪ್ಯೂಟರಿಗೆ ತಿಳಿಸುತ್ತದೆ, ಕಂಪ್ಯೂಟರು ಊರವರ ಫೋನಿಗೆ ಸಂದೇಶ ಕಳಿಸುತ್ತದೆ. ಅದನ್ನು ನೋಡಿಕೊಳ್ಳಲು ಊರಿನವರೇ ಒಬ್ಬರು ಬೇಕು, ಕಂಪ್ಯೂಟರ್ ಕಲಿತವರು ಯಾರಾದರೂ ಇದ್ದಾರೆಯೇ ಎಂದು ಅವರು ಕೇಳಿದರು.

ಇದ್ದಳು. ಸಾದಿರ್ ಮುದುಕನ ಸೊಸೆ ನಾಜಿರಾ. ಓಶ್ ಪಟ್ಟಣದಲ್ಲಿ ಎರಡು ವರ್ಷ ಅದನ್ನೇ ಓದಿದವಳು. ಮದುವೆಯಾಗಿ ಬಂದಾಗ ಒಂದು ಕಂಪ್ಯೂಟರನ್ನೂ ತಂದಿದ್ದಳು, ಮಡಚಿಡುವಂಥದ್ದು. ಅತ್ತೆ ಬೂಬುಸಾರಾ ಅದನ್ನು ಜೋಪಾನವಾಗಿ ಮದುವೆಯ ಪೆಟ್ಟಿಗೆಯಲ್ಲಿಟ್ಟು, ಪೆಟ್ಟಿಗೆಯ ಮೇಲೆ ಸೊಸೆ ತಂದ ರಜಾಯಿಗಳನ್ನೆಲ್ಲ ಮಾಡಿನವರೆಗೆ ಒಟ್ಟಿದಳು. ನಮ್ಮಲ್ಲಿ ಮನೆಯ ಮರ್ಯಾದೆಯೆಂದರೆ ಆ ರಜಾಯಿಗಳ ರಾಶಿ. ಅದನ್ನು ಸುಮ್ಮಸುಮ್ಮನೆ ಯಾರೂ ಇಳಿಸುವುದಿಲ್ಲ.

ಕಚೇರಿಯ ಕೆಲಸಕ್ಕೆ ಸಾದಿರ್ ತನ್ನ ತಮ್ಮನ ಮಗ ಬಾಕಿತ್‌ನ ಹೆಸರು ಹೇಳಿದ. ಬಾಕಿತ್ ಟ್ರ್ಯಾಕ್ಟರು ರಿಪೇರಿ ಬಲ್ಲವನು, ಒಳ್ಳೆಯವನು. ಸೊಸೆಯ ಮಾತು ಯಾರೋ ಎತ್ತಿದಾಗ ಸಾದಿರ್ ನಕ್ಕುಬಿಟ್ಟ.

"ಮಷೀನು ಗಂಡಸಿನ ಕೈಗೆ ಒಗ್ಗೋದು. ಅವಳ ಕೈ ಹಿಟ್ಟಿಗೆ ಒಗ್ಗಿದೆ, ಅಲ್ಲೇ ಇರ್ಲಿ" ಎಂದ.

ನಾಜಿರಾ ಆಗ ಅಲ್ಲೇ ಚಹಾ ಬಗ್ಗಿಸುತ್ತಿದ್ದಳು. ನಮ್ಮಲ್ಲಿ ಸೊಸೆ ಮಾವನೆದುರು ದನಿ ಎತ್ತುವಂತಿಲ್ಲ, ಗಂಡನ ಕಡೆಯ ಹಿರಿಯರ ಹೆಸರನ್ನೂ ಹೇಳುವಂತಿಲ್ಲ; ಮಾವ ಆತಾ, ಅತ್ತೆ ಅಪಾ, ಅಷ್ಟೇ. ಹೆಸರಿನೊಳಗಿರುವ ಪದವನ್ನೂ ಬಿಡಬೇಕು. ಪಕ್ಕದ ಮನೆಯ ಕೋಯ್ಚು ಗಂಡನ ಕಡೆಯ ಹಿರಿಯ. ನಮ್ಮ ಭಾಷೆಯಲ್ಲಿ ಕೋಯ್ ಎಂದರೆ ಕುರಿ. ಹಾಗಾಗಿ ನಾಜಿರಾ ಕುರಿಯನ್ನು ಕುರಿ ಎನ್ನುವಂತಿರಲಿಲ್ಲ, "ಉಣ್ಣೆಯವು" ಎನ್ನುತ್ತಿದ್ದಳು. ಕೋಯ್ಚುವಿನ ಹೆಂಡತಿ ಕುಲಿಪಾ ಇದನ್ನೇ ಹಿಡಿದು ಅವಳನ್ನು ಕಾಡುತ್ತಿದ್ದಳು. ಬೇಲಿಯಾಚೆಯಿಂದಲೇ, "ಏ ಹುಡುಗಿ, ನಮ್ಮನೆ ದೊಡ್ಡ ಉಣ್ಣೆಯವನು ಎಲ್ಲಾದ್ರೂ ಮೇಯ್ತಾ ಇದ್ನಾ, ನೋಡಿದ್ಯಾ?" ಎಂದು ಕೇಳುತ್ತಿದ್ದಳು. ಊರಿನಲ್ಲಿ ನಾಜಿರಾಳನ್ನು ನಗಿಸುತ್ತಿದ್ದವಳು ಅವಳೊಬ್ಬಳೇ. ಕುಲಿಪಾಳ ಫೋನು ಸದಾ ಹಾಡುತ್ತಿರುತ್ತಿತ್ತು. ಹಾಡಿಲ್ಲದೆ ಅವಳಿಗೆ ಹಾಲು ಕರೆಯಲೂ ಬರುತ್ತಿರಲಿಲ್ಲ.

ಬಾಕಿತ್ ಕಂಪ್ಯೂಟರಿಗೆ ಊರವರ ನಂಬರುಗಳನ್ನು ತುಂಬಿದ. ಒಂದು ಮನೆಗೆ ಒಂದು ನಂಬರು, ಅದು ಯಜಮಾನನದು. ಯಾರಿಗೂ ಅದರಲ್ಲಿ ತಪ್ಪು ಕಾಣಲಿಲ್ಲ. ನಾಜಿರಾಳಿಗೆ ಕಂಡಿತು. ರೊಟ್ಟಿ ತಟ್ಟುವಾಗ ಅತ್ತೆಯ ಬಳಿ ಮೆಲ್ಲಗೆ ಹೇಳಿದಳು.

"ಅಪಾ, ಗಂಡಸರೆಲ್ಲ ಮಂದೆ ಹೊಡ್ಕೊಂಡು ಬೆಟ್ಟಕ್ಕೆ ಹೋಗ್ತಾರಲ್ಲ, ಅಲ್ಲಿ ಫೋನ್ ಹತ್ತಲ್ಲ. ತೊರೆ ಕೆಡೋದೂ ಆ ದಿನಗಳಲ್ಲೇ. ಮನೇಲಿರೋದು ನಾವು. ನಮ್ಮ ನಂಬರೂ ಹಾಕ್ಬೇಕು. ಒಂದು ಮಧ್ಯಾಹ್ನ ನನ್ನನ್ನ ಅಲ್ಲಿ ಕೂರೋಕೆ ಬಿಟ್ರೆ ನಾನೇ ಮಾಡ್ತೀನಿ."

ಬೂಬುಸಾರಾ ಕೆಟ್ಟವಳಲ್ಲ. ಆದರೆ ಸೊಸೆಯೊಬ್ಬಳು ಕಚೇರಿಯಲ್ಲಿ ಗಂಡಸರ ನಡುವೆ ಹೋಗಿ ಕೂರುವುದನ್ನು ನೆನೆಸಿಕೊಂಡೇ ಅವಳ ಮುಖ ಬಿಸಿಯಾಯಿತು. ನಾಲ್ಕು ಜನ ಏನೆಂದಾರು ಎಂದಳು. ಆದರೂ ಮಾತನ್ನು ಗಂಡನ ಕಿವಿಗೆ ಹಾಕಿದಳು, ಅರ್ಧಂಬರ್ಧ, ಬೆದರುತ್ತ. ಸಾದಿರ್ ಚಹಾದ ಬಟ್ಟಲು ಕೆಳಗಿಡಲೂ ಇಲ್ಲ.

"ಹೆಂಗಸರ ಫೋನಿಗೆ ಬಂದ್ರೆ ಊರೆಲ್ಲ ಬೊಬ್ಬೆ. ನಮಗೆ ಬರ್ಲಿ, ನಾವು ಹೇಳ್ತೀವಿ."

ಅಲ್ಲಿಗೆ ಆ ಮಾತು ಮುಗಿಯಿತು. ಇನ್ನೊಮ್ಮೆ ಕೇಳುವುದು ನಮ್ಮ ಮನೆಗಳಲ್ಲಿ ಸೊಸೆಗೆ ಒಪ್ಪುವ ನಡತೆಯಲ್ಲ.

ಮೇ ತಿಂಗಳ ಕೊನೆಗೆ ಗಂಡಸರು ಮಂದೆ ಹೊಡೆದುಕೊಂಡು ಬೇಸಿಗೆಯ ಹುಲ್ಲುಗಾವಲಿಗೆ ಹೊರಟರು. ಗುಡಾರ ನಿಲ್ಲಿಸಬೇಕು, ಮುರಿದ ಸೇತುವೆ ಸರಿಮಾಡಬೇಕು, ಆಮೇಲೆ ಇಳಿದುಬಂದು ಮನೆಮಂದಿಯನ್ನು ಕರೆದೊಯ್ಯಬೇಕು. ಬಾಕಿತ್ ಕೂಡ ಹೋದ. ಯಂತ್ರ ತಾನಾಗಿಯೇ ಕೆಲಸ ಮಾಡುತ್ತದಲ್ಲ.

ಮಾಡಿತು ಕೂಡ. ಅದರ ಮೇಲೆ ಯಾರೂ ದೂರು ಹೇಳುವಂತಿಲ್ಲ. ಅವರು ಇಳಿದುಬರಬೇಕಿದ್ದ ದಿನ ಮಧ್ಯಾಹ್ನ ಬೆಟ್ಟದ ಮೇಲೆ ಎಲ್ಲೋ ಜೋರು ಮಳೆಯಾಯಿತು. ಊರಿನಲ್ಲಿ ಬಿಸಿಲಿತ್ತು. ನೀರು ಏರಿದ್ದನ್ನು ಯಂತ್ರ ಕಂಡಿತು, ಕಂಪ್ಯೂಟರಿಗೆ ತಿಳಿಸಿತು, ಕಂಪ್ಯೂಟರು ಮನೆಮನೆಗೂ ಸಂದೇಶ ಕಳಿಸಿತು. ಊರಿನಲ್ಲಿದ್ದ ಒಂದು ಫೋನಿಗೂ ಅದು ಬರಲಿಲ್ಲ.

ಕುಲಿಪಾ ತೊರೆಯಲ್ಲಿ ಮೊಣಕಾಲುದ್ದ ನೀರಿಗಿಳಿದು ಉಣ್ಣೆ ತೊಳೆಯುತ್ತಿದ್ದಳು. ಹೊಸದಾಗಿ ಕತ್ತರಿಸಿದ ಉಣ್ಣೆ. ಚಳಿಗಾಲಕ್ಕೆ ಹಾಸು ಮಾಡುವ ಆಸೆ ಅವಳಿಗೆ. ಫೋನು ಒಂದು ಬಟ್ಟೆಚೀಲದಲ್ಲಿ ಬೇಲಿಯ ಗೂಟಕ್ಕೆ ನೇತಾಡುತ್ತ ಹಾಡುತ್ತಿತ್ತು. ನಾಜಿರಾ ಅಂಗಳದಲ್ಲಿ ಹಿಟ್ಟು ನಾದುತ್ತಿದ್ದವಳು ಮೊದಲು ಕೇಳಿದ್ದು ಕಲ್ಲು ಕಲ್ಲಿಗೆ ಬಡಿಯುವ ಸದ್ದು. ಹಿಟ್ಟಿನ ಕೈಯಲ್ಲೇ ಅತ್ತೆಯನ್ನು ಎಳೆದುಕೊಂಡು ದಿಬ್ಬ ಹತ್ತಿದಳು, ಹತ್ತುತ್ತ ಕುಲಿಪಾಳ ಹೆಸರು ಹಿಡಿದು ಕೂಗಿದಳು. ಹಿರಿಯರ ಹೆಸರು ಅವಳ ಬಾಯಲ್ಲಿ ಮೊದಲ ಸಲ ಬಂದದ್ದು ಅಂದು. ಕುಲಿಪಾ ತಲೆ ಎತ್ತಿ ನೋಡಿದಳಂತೆ. ಅಷ್ಟೇ.

ಕೆಸರು ಇಳಿದ ಮೇಲೆ ಹೆಂಗಸರು ದಡಕ್ಕೆ ಬಂದರು. ತೊರೆಯಂಚಿನ ಕೊಟ್ಟಿಗೆಗಳಿರಲಿಲ್ಲ. ಬೇಲಿಯ ಒಂದು ತುಂಡು ಉಳಿದಿತ್ತು. ಅದರ ಮೇಲಿನ ಚೀಲದಲ್ಲಿ ಫೋನು ಇನ್ನೂ ಹಾಡುತ್ತಿತ್ತು.

ಸಂಜೆ ಗಂಡಸರು ಕುದುರೆಯ ಮೇಲೆ ಇಳಿದುಬರುತ್ತಿದ್ದರು. ಕಣಿವೆಯ ತಿರುವಿನಲ್ಲಿ ಒಂದು ಹಳೆಯ ಆಲೂಬುಖಾರ ಮರವಿದೆ, ಅಲ್ಲಿ ಫೋನು ಹತ್ತುತ್ತದೆ. ಮರದ ಬಳಿ ಬಂದದ್ದೇ ಎಲ್ಲರ ಜೇಬುಗಳೂ ಒಟ್ಟಿಗೆ ಸದ್ದು ಮಾಡಿದವು. ಸಾದಿರ್ ಕನ್ನಡಕ ಹುಡುಕಿ ಓದಿದ. ನೀರು ಬರುತ್ತಿದೆ, ಕೂಡಲೇ ಮೇಲಕ್ಕೆ ಹೋಗಿ ಎಂದಿತ್ತು. ಅವರು ಇದ್ದದ್ದೇ ಮೇಲೆ. ಕೋಯ್ಚು ಓದಲಿಲ್ಲ. ಕುದುರೆಯನ್ನು ಓಡಿಸಿಕೊಂಡು ಇಳಿದ.

ಕುಲಿಪಾ ತೀರಿಕೊಂಡ ನಲವತ್ತನೆಯ ದಿನದ ಊಟಕ್ಕೆ ಊರೆಲ್ಲ ಕೋಯ್ಚುವಿನ ಮನೆಯಲ್ಲಿ ಸೇರಿತ್ತು. ಹೊರಗೆ ಹೆಂಗಸರು ಬೋರ್ಸೋಕ್ ಎಂಬ ಹಿಟ್ಟಿನ ತುಂಡುಗಳನ್ನು ಎಣ್ಣೆಯಲ್ಲಿ ಕರಿಯುತ್ತಿದ್ದರು; ಎಣ್ಣೆಯ ವಾಸನೆ ಸತ್ತವರನ್ನು ಮುಟ್ಟುತ್ತದೆ ಎನ್ನುವುದು ನಮ್ಮ ನಂಬಿಕೆ. ಒಳಗೆ ಗಂಡಸರು ತಲೆ ತಗ್ಗಿಸಿ ಕೂತಿದ್ದರು. ಪ್ರಾರ್ಥನೆ ಮುಗಿದ ಮೇಲೆ ಸಾದಿರ್ ಸೊಸೆಯನ್ನು ಒಳಗೆ ಕರೆಸಿದ. ಚಹಾಕ್ಕಿರಬೇಕು ಎಂದುಕೊಂಡು ಅವಳು ಕೆಟಲು ಹಿಡಿದು ಬಂದಳು.

"ಅದನ್ನ ಕೆಳಗಿಡು ಮಗಳೇ. ಅವತ್ತು ನಿಮ್ಮತ್ತೆ ಹತ್ರ ಹೇಳಿ ಕಳಿಸಿದ್ಯಲ್ಲ, ಆ ಮಾತು ಇವತ್ತು ಎಲ್ಲರ ಮುಂದೆ ಹೇಳು."

ಅವಳು ಕೆಟಲನ್ನು ಕೆಳಗಿಟ್ಟಳು. ಆಮೇಲೆ ನಿಧಾನವಾಗಿ ಹೇಳಿದಳು: "ಆತಾ, ನೀರು ಬಂದಾಗ ಮನೇಲಿ ಯಾರಿರ್ತಾರೋ ಅವರಿಗೆ ಗೊತ್ತಾಗ್ಬೇಕು ಅಂದಿದ್ದೆ. ಅಷ್ಟೇ."

ಬಾಕಿತ್‌ನ ದನಿ ಮೂಲೆಯಿಂದ ಬಂತು. "ನನಗೆ ಇದು ಹೊಳೀಲೇ ಇಲ್ಲ ದೊಡ್ಡಪ್ಪ. ಹಗಲು ಹೊತ್ತು ಮನೆಯೊಳಗೆ ಯಾರಿರ್ತಾರೆ ಅಂತ ನಾನು ಯಾವತ್ತೂ ನೋಡಿದವನೇ ಅಲ್ಲ."

ಬೂಬುಸಾರಾ ಬಾಗಿಲಲ್ಲಿ ನಿಂತು ಕೇಳುತ್ತಿದ್ದಳು. ಸದ್ದಿಲ್ಲದೆ ಮನೆಗೆ ಹೋದಳು. ರಜಾಯಿಗಳ ರಾಶಿಯನ್ನು ಒಂದೊಂದಾಗಿ ತಾನೇ ಇಳಿಸಿ, ಪೆಟ್ಟಿಗೆ ತೆರೆದು, ಕಂಪ್ಯೂಟರನ್ನು ಒಂದು ಬಟ್ಟೆಯಲ್ಲಿ ಸುತ್ತಿಕೊಂಡು ಬಂದಳು, ಬಿಸಿ ರೊಟ್ಟಿ ತರುವ ಹಾಗೆ. ನೆಲಕ್ಕೆ ಹಾಸಿದ ಊಟದ ಬಟ್ಟೆಯ ಮೇಲೇ ಅದನ್ನು ಬಿಚ್ಚಿ ಕರೆಂಟಿಗೆ ಹಚ್ಚಿದರು. ಬಾಕಿತ್ ಇಂಟರ್ನೆಟ್ಟಿನಲ್ಲಿ ಅದರಿಂದಲೇ ಕಚೇರಿಯ ಕಂಪ್ಯೂಟರಿನೊಳಗೆ ಹೋಗುವ ದಾರಿ ತೋರಿಸಿ ಪಕ್ಕಕ್ಕೆ ಸರಿದು ಕೂತ. ಹೆಂಗಸರು ಒಬ್ಬೊಬ್ಬರಾಗಿ ಬಂದು ನಂಬರು ಹೇಳಿದರು. ನಾಜಿರಾ ಅವರವರ ಹೆಸರನ್ನು ಜೋರಾಗಿ ಹೇಳಿ ಬರೆದುಕೊಂಡಳು. ಅತ್ತೆಯ ಸರದಿ ಬಂದಾಗ ಅವಳ ಬೆರಳು ನಿಂತಿತು.

"ಹೇಳೇ," ಎಂದಳು ಮುದುಕಿ. "ಹೆಸರು ನುಂಗಿಕೊಂಡ್ರೆ ನಾನು ಯಾರು ಅಂತ ಆ ಮಷೀನಿಗೆ ಹೇಗೆ ತಿಳೀಬೇಕು?"

"ಬೂಬುಸಾರಾ" ಎಂದಳು ಸೊಸೆ. ಆಮೇಲೆ ಬರೆದುಕೊಂಡಳು.

ಕೊನೆಗೆ ಕೋಯ್ಚು ಹತ್ತಿರ ಬಂದು ಕುಕ್ಕರುಗಾಲಿನಲ್ಲಿ ಕೂತ. "ಅವಳದ್ದೂ ಹಾಕು" ಎಂದ. ನಾಜಿರಾ ತಲೆ ಎತ್ತದೆ ಹಾಕಿದಳು. ಸರಿಯಾಗಿದೆಯೇ ನೋಡಲು ಎಲ್ಲರಿಗೂ ಒಂದು ಸಂದೇಶ ಕಳಿಸಿದಳು. ಅಂಗಳದ ಹೆಂಗಸರ ಜೇಬುಗಳಲ್ಲಿ, ಒಲೆಯ ಪಕ್ಕದಲ್ಲಿ, ತೊಟ್ಟಿಲ ಬಳಿ ಫೋನುಗಳು ಸದ್ದು ಮಾಡಿದವು. ಕೋಯ್ಚುವಿನ ಎದೆಯ ಜೇಬಿನಲ್ಲೂ ಒಂದು ಸದ್ದಾಯಿತು. ಅವನು ಕುಲಿಪಾಳ ಫೋನನ್ನು ತೆಗೆದು, ತೋಳಿನಲ್ಲಿ ಒರೆಸಿ, ನೋಡಿದ.

"ಬಂತು" ಎಂದ.

ನಾಜಿರಾ ಈಗ ದಿನಾ ಬೆಳಿಗ್ಗೆ ಊರ ಕಚೇರಿಗೆ ಹೋಗುತ್ತಾಳೆ. ಹಿಟ್ಟನ್ನು ಅತ್ತೆ ನಾದುತ್ತಾಳೆ. ನಾಲ್ಕು ಜನ ಏನಾದರೂ ಅಂದರೆ ಸಾದಿರ್ ಕೇಳಿಯೂ ಕೇಳದವನ ಹಾಗೆ ಕುದುರೆಗೆ ಹುಲ್ಲು ಹಾಕುತ್ತಾನೆ. ಬೇಲಿಯಾಚೆಯಿಂದ ಈಗ ಯಾರೂ ಅವಳನ್ನು ಕಾಡುವುದಿಲ್ಲ.

ಅಕ್ಕಂದಿರೇ, ಅಣ್ಣಂದಿರೇ, ಕಂಪ್ಯೂಟರಿಗೆ ಗಂಡು ಹೆಣ್ಣು ಗೊತ್ತಿಲ್ಲ. ಕೂತು ಹೇಳಿಕೊಟ್ಟವರಿಗೆ ಏನು ಕಾಣುತ್ತದೋ ಅಷ್ಟೇ ಅದಕ್ಕೆ ಕಾಣುತ್ತದೆ. ಬರಿಯ ಗಂಡಸರೇ ಕೂತರೆ ಅದಕ್ಕೆ ಊರು ಅರ್ಧವೇ ಕಾಣುತ್ತದೆ. ನಿಮ್ಮ ಮನೆಯಲ್ಲೂ ಕಲಿತ ಮಗಳೋ ಸೊಸೆಯೋ ಇರಬಹುದು, ಕಲಿಯಲು ಆಸೆಪಡುವ ಹುಡುಗಿ ಇರಬಹುದು. ಅವಳನ್ನು ಅಲ್ಲಿ ಕೂರಿಸಿ. ಅವಳು ಒಂದು ಸಲ ಹೇಳಿ ಸುಮ್ಮನಾದರೆ ನೀವೇ ಇನ್ನೊಂದು ಸಲ ಕೇಳಿ. ರಜಾಯಿಗಳ ರಾಶಿಯನ್ನು ಇವತ್ತೇ ಇಳಿಸಿ. ನಾವು ಇಳಿಸಿದ್ದು ನಲವತ್ತನೆಯ ದಿನದ ಊಟದಲ್ಲಿ.