ಅಬೌವ್ ಪದದ ಹುಟ್ಟು

ಇಂಗ್ಲಿಷ್-ಕನ್ನಡ ನಿಘಂಟಿನ ಕಚೇರಿಯಲ್ಲಿ ಪದಗಳ ಹುಟ್ಟನ್ನು ಬರೆಯುವುದು ಕಡ್ಡಿಯ ಕೆಲಸ. ಆಳು ಅಷ್ಟು ತೆಳ್ಳಗೆ, ಅದಕ್ಕೇ ಆ ಅಡ್ಡಹೆಸರು. ತಾಯಿಗೆ ಕಾಯಿಲೆಯೆಂದು ಅವನು ಊರಿಗೆ ಹೊರಟಾಗ, ಎಲ್ಲರಿಂದ ಅಕ್ಕ ಎನಿಸಿಕೊಂಡ ಹಿರಿಯ ಉಪಸಂಪಾದಕಿ, ನಿನ್ನ ಪಾಲಿನದನ್ನು ನಾನು ಬರೆದಿಡುತ್ತೇನೆ, ನಿಶ್ಚಿಂತೆಯಿಂದ ಹೋಗಿ ಬಾ ಎಂದಿದ್ದಳು.

‘ಅಬೌವ್’ ಪದಕ್ಕೆ ಅರ್ಥಗಳೇನೋ ಸಲೀಸಾಗಿ ಬಂದವು. ಮೇಲುಗಡೆ, ಮೇಲಿನ ಅಂತಸ್ತಿನಲ್ಲಿ, ಬರಹದಲ್ಲಿ ಈ ಮೊದಲು ಹೇಳಿದ್ದು. ಸುರುಳಿಯ ಮೇಲೆ ಬರೆಯುತ್ತಿದ್ದ ಕಾಲದಲ್ಲಿ ಮೊದಲು ಬರೆದದ್ದು ನಿಜಕ್ಕೂ ಮೇಲೇ ಇರುತ್ತಿತ್ತಲ್ಲ! ಹುಟ್ಟನ್ನು ಬರೆಯುವಾಗ ಮಾತ್ರ ಕಪಾಟಿನಿಂದ ದಪ್ಪ ಸಂಪುಟ ಇಳಿಸಲು ಮೈ ಬಗ್ಗಲಿಲ್ಲ. ಇದರಲ್ಲೇ ಕೂದಲು ಬೆಳ್ಳಗಾಗಿದೆ, ನನಗೆ ತಿಳಿಯದ್ದೇ ಎಂದುಕೊಂಡು ‘ಫ್ರೆಂಚಿನಿಂದ ಬಂದದ್ದು’ ಎಂದು ಬರೆದುಬಿಟ್ಟಳು.

ಕಡ್ಡಿ ಮರಳಿದ ದಿನವೇ ವಾರದ ಓದು, ಅಂದರೆ ಬರೆದದ್ದನ್ನು ಎಲ್ಲರ ಮುಂದೆ ಓದಿ ಒಪ್ಪಿಸುವ ದಿನ. ಅವನು ‘ಅಬೌವ್’ ಬಗ್ಗೆ ಓದಿದ್ದನ್ನು ಕೇಳಿ, ಅತಿಥಿಯಾಗಿ ಬಂದಿದ್ದ ವಿದ್ವಾಂಸರು ನಕ್ಕುಬಿಟ್ಟರು. ಅದು ಹಳೆಯ ಇಂಗ್ಲಿಷಿನ ಸ್ವಂತ ಕೂಸು, ‘ಉಫಾನ್’ ಎಂದರೆ ಮೇಲೆ, ಅದರ ಮುಂದೆ ಎರಡು ತುಣುಕು ಅಂಟಿಕೊಂಡು, ಸವೆದು ಸವೆದು ಹೀಗಾಗಿದೆ ಎಂದರು. ಪ್ರಧಾನ ಸಂಪಾದಕರ ಮುಖ ಕೆಂಪೇರಿತು.

“ಊರಿಗೆ ಹೋಗಿ ಬರೋಷ್ಟರಲ್ಲಿ ಇಂಗ್ಲಿಷನ್ನೇ ಫ್ರಾನ್ಸಿಗೆ ದಾಟಿಸಿದ್ಯಲ್ಲಪ್ಪಾ.”

ಬಿ ಅಕ್ಷರದ ಪೂರ್ತಿ ಹೊಣೆ ನಿನಗೆ ಕೊಡಬೇಕೆಂದಿದ್ದೆ, ಇನ್ನು ಆ ಮಾತಿಲ್ಲ ಎಂದೂ ಹೇಳಿದರು. ಕಡ್ಡಿ ಎಷ್ಟೋ ದಿನಗಳಿಂದ ಆ ಹೊಣೆಗಾಗಿ ಕಾದಿದ್ದ. ಆದರೂ ಅಕ್ಕನತ್ತ ತಿರುಗಿಯೂ ನೋಡಲಿಲ್ಲ. ಅಕ್ಕ ಬಾಯಿಗೆ ಬೀಗ ಹಾಕಿಕೊಂಡು ಪೆನ್ನಿನ ಮುಚ್ಚಳ ತಿರುಗಿಸುತ್ತ ಕೂತಳು.

ವಿದ್ವಾಂಸರನ್ನು ಕಳಿಸಿಕೊಟ್ಟ ಮೇಲೆ ಚಹಾ ಬಂತು. ಅಕ್ಕನದು ಸಕ್ಕರೆ ಇಲ್ಲದ ಲೋಟ. ಕಡ್ಡಿ ಅದನ್ನು ಮರೆಯದೆ ಹುಡುಕಿ ತಂದು ಅವಳ ಮುಂದಿಟ್ಟ. ಅವಳು ಲೋಟವನ್ನು ಪಕ್ಕಕ್ಕೆ ಸರಿಸಿದಳು. ಎದ್ದು ಸಂಪಾದಕರ ಕೋಣೆಗೆ ಹೋಗಿ, ಅದನ್ನು ಬರೆದವಳು ನಾನು ಎಂದಳು.

ಅವರು ಕನ್ನಡಕ ತೆಗೆದು ಮೇಜಿನ ಮೇಲಿಟ್ಟರು.

“ಅವನು ಬೈಸಿಕೊಂಡದ್ದು ಅಷ್ಟು ಜನರ ಮುಂದೆ. ನೀವಿಲ್ಲಿ ನನ್ನ ಕಿವೀಲಿ ಹೇಳಿದ್ರೆ ಏನು ಬಂತಮ್ಮಾ?”

ಅಕ್ಕ ಹೊರಗೆ ಬಂದಳು. ಹಿಂದೆಯೇ ಅವರೂ ಬಂದು ಬಾಗಿಲಲ್ಲಿ ನಿಂತರು. ಚಹಾ ಕುಡಿಯುತ್ತಿದ್ದವರೆಲ್ಲ ತಲೆಯೆತ್ತಿ ನೋಡಿದರು. ಅಕ್ಕ ಕಡ್ಡಿಯ ಮೇಜಿನ ಬಳಿ ಹೋಗಿ ನಿಂತಳು.

“ಆ ಫ್ರೆಂಚ್ ನನ್ನದು. ಪುಸ್ತಕ ತೆಗೆದು ನೋಡ್ಲಿಲ್ಲ. ಇವನಿಗೆ ಬೈಯುವಾಗಲೂ ಸುಮ್ನೆ ಕೂತಿದ್ದೆ.”

ಕಡ್ಡಿ ಎದ್ದು ತನ್ನ ಕುರ್ಚಿಯನ್ನು ಅವಳತ್ತ ಸರಿಸಿದ.

“ತಪ್ಪಿರೋದನ್ನ ಬೆಳಗ್ಗೇನೇ ನೋಡಿದ್ದೆ ಅಕ್ಕಾ. ನನಗೋಸ್ಕರ ಕೂತು ಬರೆದಿದ್ದೀರಿ. ಅದರ ಮೇಲೆ ಗೀಟು ಹಾಕೋಕೆ ಮನಸ್ಸಾಗ್ಲಿಲ್ಲ.”

ಬಿ ಅಕ್ಷರ ಅವನದೇ ಎಂದು ಸಂಪಾದಕರು ಬಾಗಿಲಿನಿಂದಲೇ ಹೇಳಿ ಒಳಗೆ ಹೋದರು. ಅಕ್ಕ ಆ ಕುರ್ಚಿಯಲ್ಲಿ ಕೂರಲಾರದೆ, ದಾಟಿ ಹೋಗಲೂ ಆಗದೆ, ಅದರ ಬೆನ್ನನ್ನು ಹಿಡಿದುಕೊಂಡು ನಿಂತೇ ಇದ್ದಳು.