ಮ ಇರಬೇಕಾದಲ್ಲಿ ವ

ಚೀಟಿಯ ಮೊದಲ ಅಕ್ಷರ 'ಮ'ವೋ 'ವ'ವೋ ಎಂದು ಮುದುಕ ಮೂರನೇ ಸಲ ಬಗ್ಗಿ ನೋಡಿದ. ಶವಾಗಾರದ ಆ ಥಂಡಿಯಲ್ಲೂ ಅವನ ಬೆನ್ನು ಬೆವೆತಿತ್ತು. ಮುಖವೂ ಕಾಣದಂತೆ ಬಟ್ಟೆ ಸುತ್ತಿದ್ದ ಹೆಂಗಸಿನ ಹೆಣ. ಚೀಟಿ ಕಟ್ಟಿದ್ದು ಅದರ ಕಾಲಿಗೆ. ತಾಯಿಯನ್ನು ಒಯ್ಯಲು ಬಂದ ಮಗ ಬಾಗಿಲಲ್ಲೇ ನಿಂತಿದ್ದ. ಅವನ ಕೈಯ ಕಾಗದದಲ್ಲಿ ಹೆಸರು 'ಮ'ದಿಂದ ಶುರುವಾಗಿತ್ತು.

ಇಲ್ಲಿ ದುಡಿದ ಇಪ್ಪತ್ತೆಂಟು ವರ್ಷವೂ ಮುದುಕನಿಗೆ ಅಕ್ಷರದ ಹಂಗೇ ಇರಲಿಲ್ಲ. ಗುಮಾಸ್ತ ಹೇಳಿದ, ಹೆಣ ಮಲಗಿಸಿದ ಹಲಗೆಯನ್ನು ಎಳೆದು ಕೊಡುವುದಷ್ಟೇ ಕೆಲಸ. ಈ ವರ್ಷ ಹೆಂಡತಿ ಪಟ್ಟು ಹಿಡಿದು ಕಲಿಸಲು ಕೂತಿದ್ದಳು. "ವ ಮುದುರ್ಕೊಂಡು ಕೂತಿರುತ್ತೆ, ಬಾಲ ಎತ್ತಿದ್ರೆ ಮ. ಅಷ್ಟೂ ತಿಳಿಯಲ್ವಾ ನಿಮ್ಗೆ?" ಎಂದು ನಗುತ್ತಿದ್ದಳು.

ಇಲ್ಲಿ ಬಾಲವಿರಲಿಲ್ಲ. ಅಥವಾ ಒದ್ದೆಗೆ ಶಾಯಿ ಅಳಿಸಿತ್ತೇ?

"ಏನಯ್ಯಾ, ಬೇರು ಬಿಟ್ಯಾ? ಗಾಡಿ ಕಾಯ್ತಿದೆ," ಗುಮಾಸ್ತ ಗದರಿದ.

"ಸಾರ್... ಹೆಸರು ಬೇರೆ ಇದ್ದಂಗಿದೆ."

"ನೀನ್ಯಾವಾಗಯ್ಯಾ ಪಂಡಿತ ಆದೆ?"

ಮುದುಕ ಬಾಗಿಲತ್ತ ನೋಡಿದ. ಅಪಘಾತದಲ್ಲಿ ಹೋದ ಜೀವ. "ಮುಖ ತೆಗೀಬೇಡಿ, ನನ್ನ ಕೈಲಿ ನೋಡೋಕಾಗಲ್ಲ," ಎಂದು ಮಗ ಆಗಲೇ ಕೈಮುಗಿದಿದ್ದ. ತಾನು ಓದಿದ್ದು ತಪ್ಪಾದರೆ ಆ ಹುಣ್ಣನ್ನು ಸುಮ್ಮನೆ ಕೆರೆದಂತೆ. ಸುಮ್ಮನಿದ್ದರೆ, ಇನ್ನೊಂದು ತಾಸಿನಲ್ಲಿ ಯಾರದೋ ತಾಯಿ ಬೂದಿ. ಆಮೇಲೆ ಯಾವ ಅಕ್ಷರ ಬಂದರೇನು?

ಗಾಡಿಯವನು ಬಂದು ಸ್ಟ್ರೆಚರ್‌ಗೆ ಕೈ ಹಾಕಿದ. ಮುದುಕ ಅದನ್ನು ಬಿಡಲಿಲ್ಲ.

"ಮುಖ ಬೇಡಪ್ಪಾ," ಎಂದು ಮುದುಕ ಮಗನಿಗೆ ಹೇಳಿದ. "ಕೈ ಮಾತ್ರ ನೋಡು. ನನ್ನದೇ ತಪ್ಪಿದ್ರೆ ನಿನ್ನ ಕಾಲಿಗೆ ಬೀಳ್ತೀನಿ."

ಬಟ್ಟೆಯ ಅಂಚು ಸರಿಸಿ ಬಲಗೈ ಹೊರತೆಗೆದ. ಮಗ ಹತ್ತಿರ ಬಂದ. ತುಂಬ ಹೊತ್ತು ನೋಡಿದ.

"ನಮ್ಮಮ್ಮ ಹೊಲಿಗೆ ಮಾಡೋರು. ಬೆರಳ ತುದಿ ಎಲ್ಲ ಸೂಜಿ ಗಾಯ..." ಎಂದವನು ಆ ನುಣುಪು ಬೆರಳ ತುದಿಗಳನ್ನು ಸವರಿ ನೋಡಿದ. "ಇದು ಅಮ್ಮನ ಕೈ ಅಲ್ಲ."

ಗುಮಾಸ್ತನ ಮುಖ ಬಿಳಿಚಿಕೊಂಡಿತು. ಅವನು ರಿಜಿಸ್ಟರಿನ ಪುಟಗಳನ್ನು ಹಿಂದೆ ಮುಂದೆ ತಿರುವುತ್ತಲೇ ಇದ್ದ. ಮುದುಕನಿಗೆ ಸಮಾಧಾನವೇನೂ ಆಗಲಿಲ್ಲ; ಇಷ್ಟು ವರ್ಷ ಎಷ್ಟು ಚೀಟಿಗಳನ್ನು ನೋಡದೆ ಕಳಿಸಿದ್ದೆನೋ ಎಂದು ಸಾಲಾಗಿದ್ದ ಹಲಗೆಗಳತ್ತ ನೋಡಿದ.

ಕೆಳಗಿನ ಹಲಗೆ ಎಳೆದು ಅಲ್ಲಿಯ ಚೀಟಿಯನ್ನು ಬೆಳಕಿಗೆ ಹಿಡಿದ. ಮೊದಲ ಅಕ್ಷರದ ಕೆಳಗೆ ಬೆರಳಿಟ್ಟು ಒಂದೊಂದಾಗಿ, ಗಟ್ಟಿಯಾಗಿ ಓದತೊಡಗಿದ. ಪಕ್ಕದಲ್ಲಿ ಮಗನ ತುಟಿಗಳೂ ಅವನೊಂದಿಗೆ ಅಲುಗುತ್ತಿದ್ದವು.